‘ಒಂದಕ್ಕೆ 99 ಬೀಳುತ್ತೆ’: ಒಂದು ಹೊಲಿಗೆ ಘಟಕದ ಲೆಕ್ಕ ತಪ್ಪಿದ್ದು ಎಲ್ಲಿ?

ಬಟ್ಟೆ ಬ್ಯಾಗ್ ಹೊಲಿಯುವ ಒಂದು ಚಿಕ್ಕ ಘಟಕ. ಮಾಲಕಿ ನನಗೆ ಪರಿಚಯದವರು. ವರ್ಷಕ್ಕೆ ಒಂದೆರಡು ಸಲ ಅವರ ಲೆಕ್ಕದ ಪುಸ್ತಕ ನೋಡಿಕೊಡುತ್ತಿದ್ದೆ. ಅವರ ಒಪ್ಪಿಗೆ ಪಡೆದೇ ಇದನ್ನು ಬರೆಯುತ್ತಿದ್ದೇನೆ. ಯಾರು, ಎಲ್ಲಿ ಅನ್ನೋದು ಬೇಡ. ಮೊತ್ತಗಳನ್ನೂ ಬದಲಾಯಿಸಿದ್ದೇನೆ: ಒಂದು ಬ್ಯಾಗಿನ ಮಾಮೂಲಿ ಮಾರಾಟ ಬೆಲೆ 100 ಅಂತ ಇಟ್ಟುಕೊಂಡು ಉಳಿದ ಎಲ್ಲ ಅಂಕಿಗಳನ್ನೂ ಅದೇ ಅಳತೆಗೆ ಇಳಿಸಿದ್ದೇನೆ. ಹಾಗಾಗಿ ಇಲ್ಲಿರೋದು ಬರೀ ಸಂಖ್ಯೆ.

ಮೊದಲು ಘಟಕದ ಸ್ಥಿತಿ. ಮೂವರು ಟೈಲರ್‌ಗಳು, ಅವರಿಗೆ ಪೀಸ್ ರೇಟು. ತಿಂಗಳ ಸಂಬಳಕ್ಕೆ ಒಬ್ಬ ಕಟಿಂಗ್ ಮಾಸ್ಟರ್, ಒಬ್ಬ ಸಹಾಯಕ, ಎಂಬ್ರಾಯ್ಡರಿ ಯಂತ್ರಕ್ಕೆ ಒಬ್ಬ ಆಪರೇಟರ್. ತಿಂಗಳಿಗೆ 1,250 ಬ್ಯಾಗ್ ಹೊಲಿಯುವ ಶಕ್ತಿ ಇತ್ತು. ಸರಾಸರಿ ಹೋಗುತ್ತಿದ್ದದ್ದು 900. ಅದರಲ್ಲಿ ಸುಮಾರು 200 ಬ್ಯಾಗಿಗೆ ಎಂಬ್ರಾಯ್ಡರಿ, ಅದಕ್ಕೆ 25 ಜಾಸ್ತಿ ಬೆಲೆ. ಮಾಲಕಿ ಮೊದಲು ಒಂದು ಕಡೆ ಕೆಲಸಕ್ಕಿದ್ದರು, ಸಂಬಳ 15,000. ಅದನ್ನು ಬಿಟ್ಟು ಇದನ್ನು ಶುರು ಮಾಡಿ ನಾಲ್ಕನೇ ವರ್ಷ. ಮನೆ ನಡೆಯುತ್ತಿದ್ದದ್ದು ಯಜಮಾನರ ಸಂಬಳದಲ್ಲಿ. ಇವರು ಗಲ್ಲಾದಿಂದ ಬೇಕಾದಾಗ ಬೇಕಾದಷ್ಟು ತೆಗೆದುಕೊಳ್ಳುತ್ತಿದ್ದರು.

ಅವರು ಲೆಕ್ಕ ಬರೆಯುವವರೇ. ಸುಮ್ನೆ ವ್ಯಾಪಾರ ಮಾಡಿ ಕೈ ತೊಳೆದುಕೊಳ್ಳುವ ಪೈಕಿ ಅಲ್ಲ. ತಿಂಗಳ ಕೊನೆಗೆ ಒಟ್ಟು ಖರ್ಚು ಕೂಡಿಸಿ, ಹೊಲಿದ ಬ್ಯಾಗಿನ ಸಂಖ್ಯೆಯಿಂದ ಭಾಗಿಸಿ, ಬಂದ ಸಂಖ್ಯೆಗೆ ಕೆಂಪು ಪೆನ್ನಿನಲ್ಲಿ ಸುತ್ತು ಹಾಕುತ್ತಿದ್ದರು. ಆ ತಿಂಗಳು ಒಟ್ಟು ಖರ್ಚು 89,000. ಬ್ಯಾಗ್ 900. ಒಂದಕ್ಕೆ 99. ಎಂಬ್ರಾಯ್ಡರಿ ಹಣವೂ ಸೇರಿ ಬಂದದ್ದು 95,000. ಉಳಿದದ್ದು 6,000.

ಕೆಂಪು ಸುತ್ತಿನ ಆ 99ರಿಂದಲೇ ತೊಂದರೆ ಶುರುವಾಗಿದ್ದು.

ಅದೇ ಸಮಯಕ್ಕೆ ಒಬ್ಬ ಸಗಟು ಖರೀದಿದಾರರು ಬಂದರು. ಮೂರು ತಿಂಗಳು, ತಿಂಗಳಿಗೆ 300 ಬ್ಯಾಗ್ ಬೇಕು. ತಮ್ಮದೇ ಚಿಹ್ನೆ, ಸ್ವಲ್ಪ ಬೇರೆ ಆಕಾರ. ಬೆಲೆ 80, ಒಂದು ಪೈಸೆ ಜಾಸ್ತಿ ಇಲ್ಲ ಅಂದರು. ಮಾಲಕಿ ಪುಸ್ತಕ ತೆಗೆದು ನೋಡಿದರು, 99 ಕಂಡಿತು, ಬೇಡ ಅಂದುಬಿಟ್ಟರು. ನನಗೆ ಹೇಳುವಾಗ ಅವರಿಗೆ ಹೆಮ್ಮೆಯೇ ಇತ್ತು. “ನಮಗೇ 99 ಬೀಳುತ್ತೆ, 80ಕ್ಕೆ ಕೊಟ್ಟರೆ ಒಂದೊಂದು ಬ್ಯಾಗಿಗೂ 19 ಕೈಯಿಂದ ಹಾಕಬೇಕಲ್ವಾ? ಗಿಟ್ಟಲ್ಲ.”

ಆ ದಿನ ನಾನೂ ತಲೆ ಆಡಿಸಿದ್ದೆ. ಇದನ್ನು ಮುಚ್ಚಿಡಬಾರದು. ಲೆಕ್ಕ ಗೊತ್ತಿದ್ದವನೇ, ಆದರೂ ಆ ಸಂಖ್ಯೆ ಎಷ್ಟು ಖಚಿತವಾಗಿ ಕಾಣುತ್ತಿತ್ತು ಅಂದರೆ, ಅದರೊಳಗೆ ಏನೇನಿದೆ ಅಂತ ಕೇಳಬೇಕು ಅನ್ನಿಸಲೇ ಇಲ್ಲ.

ಎರಡು ತಿಂಗಳಾದ ಮೇಲೆ ವ್ಯಾಪಾರ ಬಿದ್ದುಹೋಯಿತು. ಹೊಲಿದದ್ದು 600 ಮಾತ್ರ. ಅದೇ ಭಾಗಾಕಾರ ಮಾಡಿದರೆ ಒಂದಕ್ಕೆ 115ರ ಮೇಲೆ. ಮಾಲಕಿ ಫೋನ್ ಮಾಡಿದರು. “ಬೆಲೆ 120 ಮಾಡದೆ ಬೇರೆ ದಾರಿ ಇಲ್ಲ” ಅಂದರು. ಗಿರಾಕಿಗಳೇ ಕಡಿಮೆ ಆಗಿರುವಾಗ ಬೆಲೆ ಏರಿಸೋದು! ಅಲ್ಲಿ ನನಗೆ ಎಚ್ಚರವಾಯಿತು. ಬಟ್ಟೆಯ ಬೆಲೆ ಏರಿಲ್ಲ, ಕೂಲಿ ಏರಿಲ್ಲ, ಬಾಡಿಗೆಯೂ ಅಷ್ಟೇ ಇದೆ, ಮತ್ತೆ ಬ್ಯಾಗ್ ಮಾಡುವ ಖರ್ಚು ಹದಿನಾರು ಹೆಚ್ಚಿದ್ದು ಹೇಗೆ?

ಮರುದಿನ ಹೋಗಿ ಪುಸ್ತಕ ಇಟ್ಟುಕೊಂಡು ಕೂತೆವು. ಪ್ರತಿ ಸಾಲಿಗೂ ಒಂದೇ ಪ್ರಶ್ನೆ: ನಾಳೆ ಒಂದು ಬ್ಯಾಗ್ ಜಾಸ್ತಿ ಹೊಲಿದರೆ ಇದು ಜಾಸ್ತಿ ಆಗುತ್ತಾ?

ಬಟ್ಟೆ 34. ಆಗುತ್ತೆ. ಜಿಪ್, ರನ್ನರ್, ದಾರ, ಲೈನಿಂಗ್ 9. ಹೊಲಿಗೆ ಕೂಲಿ 12. ಪ್ಯಾಕಿಂಗ್, ಸಾಗಣೆ 5. ಒಟ್ಟು 60. ಇದು ಬದಲಾಗುವ ವೆಚ್ಚ. ಉಳಿದದ್ದು ಬ್ಯಾಗ್ ಹೊಲಿದರೂ ಹೊಲಿಯದಿದ್ದರೂ ಹೋಗುವ ದುಡ್ಡು: ಬಾಡಿಗೆ 9,000, ಮಾಸ್ಟರ್ ಮತ್ತು ಸಹಾಯಕನ ಸಂಬಳ 10,000, ಆಪರೇಟರ್ 5,000, ಎಂಬ್ರಾಯ್ಡರಿ ಯಂತ್ರದ ಸಾಲದ ಕಂತು 6,000, ಇತರೆ 3,000. ಒಟ್ಟು 33,000. ಇದು ಸ್ಥಿರ ವೆಚ್ಚ. (ಕಂತಿನಲ್ಲಿ ಅಸಲು ಸೇರಿದೆ, ಅಸಲು ತೀರಿಸೋದು ಖರ್ಚಲ್ಲ, ಬಡ್ಡಿ ಮತ್ತು ಯಂತ್ರದ ಸವಕಳಿ ಮಾತ್ರ ಖರ್ಚು ಅಂತ ಲೆಕ್ಕ ಓದಿದವರು ತಕರಾರು ತೆಗೆಯುತ್ತಾರೆ. ಸರಿಯೇ. ಆದರೆ ಇವರು ನೋಡುತ್ತಿದ್ದದ್ದು ಕೈಯಿಂದ ಹೋಗುವ ದುಡ್ಡು, ಹಾಗಾಗಿ ಹಾಗೇ ಬಿಟ್ಟೆ.)

ಎಲ್ಲ ಇಷ್ಟು ಸಲೀಸಾಗಿ ಎರಡು ಪಾಲಾಗಲಿಲ್ಲ. ಕರೆಂಟ್ ಬಿಲ್ಲಿನಲ್ಲಿ ಒಂದು ಪಾಲು ಮಾಮೂಲಿ ಶುಲ್ಕ, ಇನ್ನೊಂದು ಯೂನಿಟ್ ಲೆಕ್ಕ. ಎರಡೂ ಒಂದೇ ಕಾಗದದಲ್ಲಿ. ಹೊಲಿಗೆ ಕೂಲಿ ಬದಲಾಗುವ ಖರ್ಚು ಅಂತ ಬರೆದೆವು. ಆಮೇಲೆ ಮಾಲಕಿಯೇ ನೆನಪು ಮಾಡಿದರು, ಕೆಲಸ ಇಲ್ಲದ ತಿಂಗಳಲ್ಲೂ ತಲಾ 200 ಪೀಸಿನ ಕೂಲಿ ಕೊಡುತ್ತೇನೆ ಅಂತ ಟೈಲರ್‌ಗಳಿಗೆ ಮಾತು ಕೊಟ್ಟಿದ್ದಾರೆ, ಇಲ್ಲದಿದ್ದರೆ ಅವರು ಬೇರೆ ಕಡೆ ಹೋಗುತ್ತಾರೆ. ಅಂದರೆ 600ರ ಕೆಳಗೆ ಇಳಿದರೆ ಆ ಕೂಲಿಯೂ ಸ್ಥಿರ ವೆಚ್ಚವೇ.

ಇನ್ನು ‘ಚಿಲ್ಲರೆ’ ಅನ್ನೋ ಕಾಲಂ. ಸೂಜಿ ಪ್ಯಾಕೆಟ್, ಯಂತ್ರದ ಎಣ್ಣೆ, ಬಲ್ಬು, ಒಂದು ಬೀಗ, ಮತ್ತೆ ಮಗಳ ಶೂ. ಶೂ ನೋಡಿ ಇಬ್ಬರೂ ನಕ್ಕೆವು. ಆದರೆ ಹಿಂದಿನ ಹಾಳೆಗಳಲ್ಲಿ ಅಂಥವು ಇನ್ನೂ ಇದ್ದವು: ಮನೆಯ ಗ್ಯಾಸ್, ಸಂಬಂಧಿಕರ ಮದುವೆಗೆ ಕೊಟ್ಟ ಉಡುಗೊರೆ. ಅದನ್ನೆಲ್ಲ ತೆಗೆದೇ ಮೇಲಿನ 3,000 ಬಂದದ್ದು.

ಈಗ ಆ 80ರ ಆರ್ಡರಿಗೆ ವಾಪಸು ಬಂದೆವು. ಒಂದು ಬ್ಯಾಗಿಗೆ ಹೊಸದಾಗಿ ಆಗುವ ಖರ್ಚು 60. ಬರೋದು 80. ಉಳಿಯೋದು 20. ತಿಂಗಳಿಗೆ 300 ಅಂದರೆ 6,000. ಯಂತ್ರಗಳು ಖಾಲಿ ಇದ್ದವು, ಟೈಲರ್‌ಗಳು ಕೆಲಸ ಕೇಳುತ್ತಿದ್ದರು, ಹೊಸ ಬಾಡಿಗೆ ಇಲ್ಲ, ಹೊಸ ಸಂಬಳ ಇಲ್ಲ. 6,000 ಲಾಭ 12,000 ಆಗುತ್ತಿತ್ತು. ಮೂರು ತಿಂಗಳಿಗೆ 18,000 ಬಾಗಿಲಿಗೆ ಬಂದಿತ್ತು, ನಾವಿಬ್ಬರೂ ಸೇರಿ ವಾಪಸು ಕಳಿಸಿದ್ದೆವು.

ಮಾಲಕಿ ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಕೇಳಿದರು, “ಹಾಗಾದ್ರೆ 99 ಸುಳ್ಳಾ?”

ಒಳ್ಳೆಯ ಪ್ರಶ್ನೆ. ಸುಳ್ಳಲ್ಲ. ಆ ತಿಂಗಳು ಆದದ್ದನ್ನು ಅದು ಸರಿಯಾಗೇ ಹೇಳುತ್ತೆ. ವರ್ಷಪೂರ್ತಿ, ಎಲ್ಲ ಗಿರಾಕಿಗಳಿಂದ, ಸರಾಸರಿ ಅಷ್ಟಾದರೂ ಬರಬೇಕು, ಇಲ್ಲದಿದ್ದರೆ ಬಾಡಿಗೆ ಯಾರು ಕಟ್ಟೋದು? ಆದರೆ ‘ಈ ಆರ್ಡರ್ ತಗೊಳ್ಳಲಾ’ ಅನ್ನೋ ಪ್ರಶ್ನೆಗೆ ಅದು ಉತ್ತರವಲ್ಲ. ಯಾಕಂದರೆ ಬಾಡಿಗೆ ಈಗಾಗಲೇ ಹೋಗಿದೆ, ಈ ಆರ್ಡರ್ ಬಂದರೂ ಅಷ್ಟೇ, ಬಾರದಿದ್ದರೂ ಅಷ್ಟೇ. ಬೇರೆ ಬೇರೆ ಉದ್ದೇಶಕ್ಕೆ ಬೇರೆ ಬೇರೆ ವೆಚ್ಚ ಅಂತ ಅಮೆರಿಕದ ಅರ್ಥಶಾಸ್ತ್ರಜ್ಞ ಜಾನ್ ಮಾರಿಸ್ ಕ್ಲಾರ್ಕ್ 1923ರಲ್ಲೇ ಬರೆದಿದ್ದರು. ನೂರು ವರ್ಷ ಆದರೂ ನಾವು ಒಂದೇ ಸಂಖ್ಯೆಗೆ ಸುತ್ತು ಹಾಕಿಕೊಂಡು ಕೂತಿದ್ದೆವು.

ಪ್ರತಿ ಬ್ಯಾಗಿನಿಂದ 100 ಬಂದು 60 ಹೋದರೆ 40 ಉಳಿಯುತ್ತೆ. ಆ 40ಗಳೆಲ್ಲ ಸೇರಿ ಸ್ಥಿರ ವೆಚ್ಚ ತುಂಬಬೇಕು. ಎಂಬ್ರಾಯ್ಡರಿಯಿಂದ, ಅದರ ದಾರ, ಕಾಗದದ ಖರ್ಚು ಹೋಗಿ, 3,000 ಉಳಿಯುತ್ತಿತ್ತು, ಅದನ್ನು ಕಳೆದರೆ ತುಂಬಬೇಕಾದದ್ದು 30,000. ಭಾಗಿಸಿದರೆ 750. ತಿಂಗಳಿಗೆ 750 ಬ್ಯಾಗ್ ಹೋದರೆ ಲಾಭವೂ ಇಲ್ಲ, ನಷ್ಟವೂ ಇಲ್ಲ. ನಾಲ್ಕು ವರ್ಷದಲ್ಲಿ ಮೊದಲ ಸಲ ಅವರಿಗೆ ಈ ಗೆರೆ ಎಲ್ಲಿದೆ ಅಂತ ಗೊತ್ತಾಯಿತು. ಗೋಡೆಯ ಕ್ಯಾಲೆಂಡರಿನ ಮೂಲೆಯಲ್ಲಿ 750 ಅಂತ ಬರೆದುಕೊಂಡರು. ಬೆಲೆ ಏರಿಸುವ ಮಾತು ಅಲ್ಲಿಗೆ ಬಿಟ್ಟರು.

ಎಂಬ್ರಾಯ್ಡರಿ ಯಂತ್ರ

ಇದು ಎಲ್ಲಕ್ಕಿಂತ ಕಷ್ಟದ ಮಾತುಕತೆ. 1,20,000 ಕೊಟ್ಟು ತಂದದ್ದು, ಬಹುಪಾಲು ಸಾಲ. ಕೋಣೆಯ ಬೆಳಕಿರುವ ಮೂಲೆಯಲ್ಲಿ, ಮೇಲೆ ಹೊದಿಕೆ ಹಾಕಿ ಇಟ್ಟಿದ್ದರು. ತಿಂಗಳಿಗೆ 200 ಪೀಸ್ ಕೆಲಸ. ಪ್ರತಿ ಪೀಸಿಗೆ 25 ಜಾಸ್ತಿ ಬರುತ್ತೆ, ದಾರ, ಸೂಜಿ, ಹಿಂದೆ ಹಾಕುವ ಕಾಗದಕ್ಕೆ 10 ಹೋಗುತ್ತೆ. ಉಳಿಯೋದು 15. ಅಲ್ಲಿಗೆ 3,000.

ನಿಲ್ಲಿಸೋಣವಾ ಅಂದೆ. “1,20,000 ಹಾಕಿದ್ದೀನಿ! ಕಂತು ಇನ್ನೂ ಕಟ್ಟುತ್ತಿದ್ದೀನಿ. ಈಗ ನಿಲ್ಲಿಸಿದರೆ ಅಷ್ಟೂ ನೀರಿನಲ್ಲಿ ಹೋಮ ಮಾಡಿದ ಹಾಗೆ.”

ಮುಳುಗಿದ ವೆಚ್ಚ ಅಂದರೆ ಇದೇ. ಆ 1,20,000 ಯಂತ್ರ ಓಡಿಸಿದರೂ ವಾಪಸು ಬರಲ್ಲ, ನಿಲ್ಲಿಸಿದರೂ ಬರಲ್ಲ. ಕಂತೂ ಹಾಗೇ, ಯಂತ್ರ ಓಡಲಿ ಬಿಡಲಿ ಸಾಲಕೊಟ್ಟವರಿಗೆ ಏನು? ತೀರ್ಮಾನಕ್ಕೆ ಬೇಕಾದ ಸಂಖ್ಯೆಗಳು ಬೇರೆ. ಯಂತ್ರ ಓಡಿದರೆ 3,000 ಬರುತ್ತೆ, ಅದಕ್ಕಾಗಿಯೇ ಆಪರೇಟರಿಗೆ 5,000 ಹೋಗುತ್ತೆ. ಅಲ್ಲೇ ತಿಂಗಳಿಗೆ 2,000 ನಷ್ಟ. ಇವತ್ತು ಮಾರಿದರೆ 40,000 ಸಿಗುತ್ತೆ ಅಂತ ಒಬ್ಬರು ಹೇಳಿದ್ದರು, ಬರುವ ವರ್ಷ ಅಷ್ಟು ಸಿಗಲ್ಲ. ಅಂದರೆ ಇಟ್ಟುಕೊಂಡಿರೋದಕ್ಕೂ ಒಂದು ಖರ್ಚಿದೆ, ಅದು ಪುಸ್ತಕದಲ್ಲಿ ಎಲ್ಲೂ ಬರೆದಿಲ್ಲ ಅಷ್ಟೇ.

ಇದು ಅವರೊಬ್ಬರ ದೌರ್ಬಲ್ಯ ಅಂತ ಯಾರೂ ಅಂದುಕೊಳ್ಳಬೇಡಿ. 1985ರಲ್ಲಿ ಹಾಲ್ ಆರ್ಕ್ಸ್ ಮತ್ತು ಕ್ಯಾಥರಿನ್ ಬ್ಲೂಮರ್ ಅನ್ನೋ ಸಂಶೋಧಕರು ನಾಟಕದ ಸೀಸನ್ ಟಿಕೆಟ್ ಕೊಳ್ಳಲು ಬಂದವರಲ್ಲಿ ಕೆಲವರಿಗೆ ಪೂರ್ತಿ ಬೆಲೆಗೆ, ಕೆಲವರಿಗೆ ರಿಯಾಯಿತಿಯಲ್ಲಿ ಟಿಕೆಟ್ ಕೊಟ್ಟ ಪ್ರಯೋಗವನ್ನು ಪ್ರಕಟಿಸಿದರು. ಸೀಟು ಅದೇ, ನಾಟಕ ಅದೇ. ಆದರೂ ಸೀಸನ್ನಿನ ಮೊದಲರ್ಧದಲ್ಲಿ ಪೂರ್ತಿ ದುಡ್ಡು ಕೊಟ್ಟವರೇ ಜಾಸ್ತಿ ನಾಟಕಕ್ಕೆ ಹೋದರು. ಕೊಟ್ಟ ದುಡ್ಡು ನಮ್ಮನ್ನು ಎಳೆಯುತ್ತೆ.

ಲೆಕ್ಕ ಒಪ್ಪಿದ ಮೇಲೂ ಮಾಲಕಿ ಮೂರು ವಾರ ತೆಗೆದುಕೊಂಡರು. ಕೊನೆಗೆ ಮನಸ್ಸು ಬದಲಾಯಿಸಿದ್ದು ನನ್ನ ಮಾತಲ್ಲ, ಅವರ ಮಗಳ ಪ್ರಶ್ನೆ: “ಅಮ್ಮಾ, ಈ ಯಂತ್ರ ನಮ್ಮ ಹತ್ತಿರ ಇಲ್ಲ ಅಂದುಕೋ, ಇವತ್ತು ಯಾರಾದ್ರೂ 40,000ಕ್ಕೆ ಕೊಡ್ತೀನಿ ಅಂದ್ರೆ ತಗೋತೀಯಾ?” ತಗೊಳ್ಳಲ್ಲ ಅಂತ ಬಾಯಿಗೆ ಬಂದುಬಿಟ್ಟಿತಂತೆ. ಮಾರಿದರು. ಸಾಲ 72,000 ಉಳಿದಿತ್ತು, 40,000 ಅದಕ್ಕೇ ಕಟ್ಟಿದರು. ಕಂತು ಅಷ್ಟೇ ಇಟ್ಟುಕೊಂಡರು, ಮಿಕ್ಕದ್ದು ಆರು ತಿಂಗಳಲ್ಲಿ ತೀರಿತು. ಆಪರೇಟರಿಗೆ ಹೊಲಿಗೆ ಕಲಿಸಿ ಪೀಸ್ ರೇಟಿಗೆ ಹಾಕಿದರು. ಆತ ಎರಡು ತಿಂಗಳಿದ್ದು ಬಿಟ್ಟುಹೋದ. ಮಾಲಕಿಗೆ ಅದು ಇವತ್ತಿಗೂ ಬೇಜಾರು. ಅದಕ್ಕೆ ಹಾಕಲು ಪುಸ್ತಕದಲ್ಲಿ ಕಾಲಂ ಇಲ್ಲ.

ಅರ್ಧ ಪಾಠ

ಇಷ್ಟಾದ ಮೇಲೆ ಮಾಲಕಿಗೆ ಧೈರ್ಯ ಬಂತು, ಸ್ವಲ್ಪ ಜಾಸ್ತಿಯೇ ಬಂತು. 60ರ ಮೇಲೆ ಏನು ಬಂದರೂ ಲಾಭ ಅಂತ ಮನಸ್ಸಿನಲ್ಲಿ ಕೂತುಬಿಟ್ಟಿತ್ತು. ಸೀಸನ್ ಶುರುವಾಗುವ ಹೊತ್ತಿಗೆ ಬೇರೊಬ್ಬರು 500 ಬ್ಯಾಗ್ ಕೇಳಿದರು, 78ಕ್ಕೆ. ಒಂದಕ್ಕೆ 18, ಒಟ್ಟು 9,000 ಅಂತ ಲೆಕ್ಕ ಹಾಕಿ ಒಪ್ಪಿಕೊಂಡರು. ನನ್ನನ್ನು ಕೇಳಲಿಲ್ಲ. ಕೇಳಿದ್ದರೂ ನಾನು ಏನು ಹೇಳುತ್ತಿದ್ದೆನೋ.

ಆ ತಿಂಗಳು ಹಳೇ ಗಿರಾಕಿಗಳಿಗೇ 1,100 ಬೇಕಿತ್ತು. ಶಕ್ತಿ 1,250. ಖಾಲಿ ಇದ್ದದ್ದು 150 ಮಾತ್ರ. ಆ 150ರಲ್ಲಿ 18ರಂತೆ 2,700 ಬಂತು. ಇನ್ನೂ 200 ಬ್ಯಾಗಿಗೆ ಟೈಲರ್‌ಗಳು ರಾತ್ರಿ ಕೂತರು, ಕೂಲಿ 12ರ ಬದಲು 18, ಹಾಗಾಗಿ ಉಳಿದದ್ದು 12ರಂತೆ 2,400. ರಾತ್ರಿ ನೋಡಿಕೊಳ್ಳಲು ಒಬ್ಬರನ್ನು ಇಡಬೇಕಾಯಿತು, 2,500. ಈ ಖರ್ಚು ವಿಚಿತ್ರದ್ದು, 1,250ರವರೆಗೆ ಸೊನ್ನೆ, ಒಂದು ಬ್ಯಾಗ್ ದಾಟಿದರೂ ಒಮ್ಮೆಗೇ ಪೂರ್ತಿ ಮೇಲೇಳುತ್ತೆ, ಮೆಟ್ಟಿಲಿನ ಹಾಗೆ. ಕೊನೆಯ 150 ಬ್ಯಾಗಿಗೆ ಜಾಗವೇ ಇರಲಿಲ್ಲ. ಹಳೇ ಗಿರಾಕಿಗಳ 150 ಬ್ಯಾಗನ್ನು ಬದಿಗೆ ಸರಿಸಿದರು. ಅವರು ಕಾಯಲಿಲ್ಲ, ಬೇರೆ ಕಡೆ ತೆಗೆದುಕೊಂಡರು. 40 ಉಳಿಯುವ ಜಾಗದಲ್ಲಿ 18 ಉಳಿಯುವುದನ್ನು ಹೊಲಿದ ಹಾಗಾಯಿತು, 22ರಂತೆ 3,300 ಖೋತಾ.

2,700ಕ್ಕೆ 2,400 ಸೇರಿಸಿ, 2,500 ಕಳೆದು, 3,300 ಕಳೆಯಿರಿ. 700 ನಷ್ಟ. ತಿಂಗಳಿಡೀ ರಾತ್ರಿ ಹಗಲು ದುಡಿದು.

ಅಷ್ಟಕ್ಕೇ ಮುಗಿಯಲಿಲ್ಲ. ಪ್ರತಿ ತಿಂಗಳು 80 ಬ್ಯಾಗ್ ಒಯ್ಯುತ್ತಿದ್ದ ಒಬ್ಬ ಗಿರಾಕಿ ಮತ್ತೆ ಬರಲೇ ಇಲ್ಲ. ಅಲ್ಲಿ ತಿಂಗಳಿಗೆ 3,200. ಮಾರಾಟದ ಸರಾಸರಿ ಮತ್ತೆ 900ರ ಆಸುಪಾಸಿಗೆ ಬರಲು ಐದು ತಿಂಗಳು ಹಿಡಿಯಿತು.

ಅವಕಾಶ ವೆಚ್ಚ ಅನ್ನೋ ಪದ ನಾನು ಅಲ್ಲಿಯವರೆಗೆ ಅವರ ಮುಂದೆ ಆಡಿರಲಿಲ್ಲ. ಒಂದನ್ನು ಮಾಡಲು ಹೋಗಿ ಬಿಟ್ಟುಕೊಟ್ಟ ಇನ್ನೊಂದರ ಬೆಲೆ. ಯಂತ್ರ ಖಾಲಿ ಇದ್ದಾಗ ಅದು ಸೊನ್ನೆ, ತುಂಬಿದ್ದಾಗ 40. ಒಂದು ಬ್ಯಾಗ್ ಹೊಲಿಯುವ ನಿಜವಾದ ವೆಚ್ಚ ಖಾಲಿ ತಿಂಗಳಲ್ಲಿ 60, ತುಂಬಿದ ತಿಂಗಳಲ್ಲಿ 100. ಬ್ಯಾಗ್ ಅದೇ, ಬಟ್ಟೆ ಅದೇ, ಟೈಲರ್ ಅದೇ. ಮೊದಲ ಆರ್ಡರ್ ಬಿಟ್ಟದ್ದು ತಪ್ಪು, ಎರಡನೆಯದು ಹಿಡಿದದ್ದು ತಪ್ಪು, ಎರಡಕ್ಕೂ ಕಾರಣ ಒಂದೇ: ಒಂದು ಸಂಖ್ಯೆ ಹಿಡಿದುಕೊಂಡು ಎಲ್ಲ ತಿಂಗಳಿಗೂ ಅದನ್ನೇ ಹಚ್ಚಿದ್ದು.

ಮನೆಯ ಕಡೆ

ಪುಸ್ತಕದಲ್ಲಿ ಮಗಳ ಶೂ ಸಿಕ್ಕಿತ್ತಲ್ಲ, ಆ ಎಳೆ ಹಿಡಿದು ಮನೆಯ ಲೆಕ್ಕವೂ ಹೊರಬಂತು. ಶೇಕಡಾ 4 ರಿಯಾಯಿತಿ ಸಿಗುತ್ತೆ ಅಂತ ಮೂರು ತಿಂಗಳಿಗಾಗುವಷ್ಟು ಬಟ್ಟೆ ಒಟ್ಟಿಗೇ ತಂದು ಪೇರಿಸಿದ್ದರು. ಅದೇ ಹೊತ್ತಿಗೆ ಮನೆಯ ಕ್ರೆಡಿಟ್ ಕಾರ್ಡಿನಲ್ಲಿ ಬಾಕಿ, ತಿಂಗಳಿಗೆ ಶೇಕಡಾ 3 ಬಡ್ಡಿ. ಬಟ್ಟೆ ದಿನದಿನ ಖಾಲಿಯಾಗುತ್ತಾ ಹೋಗುತ್ತೆ, ಹಾಗಾಗಿ ದುಡ್ಡು ಅದರಲ್ಲಿ ಸಿಕ್ಕಿಕೊಳ್ಳೋದು ಸರಾಸರಿ ಒಂದೂವರೆ ತಿಂಗಳು, ಅದಕ್ಕೆ ಬಡ್ಡಿ ನಾಲ್ಕೂವರೆ. ನಾಲ್ಕು ಉಳಿಸಲು ನಾಲ್ಕೂವರೆ ಕೊಡುತ್ತಿದ್ದರು. ಒಂದು ಪುಸ್ತಕದಲ್ಲಿ ಉಳಿತಾಯ ಅಂತ ಕಂಡದ್ದು ಇನ್ನೊಂದರ ಜೊತೆ ಇಟ್ಟಾಗ ನಷ್ಟ. ಇದು ಮಾತ್ರ ಅವತ್ತೇ ಸರಿಹೋಯಿತು, ಯಾರೂ ವಾದ ಮಾಡಲಿಲ್ಲ.

ಕಾರಿನ ವಿಷಯದಲ್ಲಿ ಯಜಮಾನರು ವಾದ ಮಾಡಿದರು. ತಿಂಗಳಿಗೆ ಎರಡು ಸಲ ಓಡುವ ಕಾರು. “ಪೆಟ್ರೋಲ್ ಖರ್ಚು ಮಾತ್ರ ತಾನೇ, ಬಸ್ಸಿಗಿಂತ ಕಡಿಮೆ.” ಇವತ್ತು ಕಾರಿನಲ್ಲಿ ಹೋಗೋದೋ ಬಸ್ಸಿನಲ್ಲೋ ಅನ್ನೋ ಪ್ರಶ್ನೆಗೆ ಅವರ ಮಾತು ಸರಿ. ವಿಮೆ, ಪಾರ್ಕಿಂಗ್ ಬಾಡಿಗೆ ಹೇಗೂ ಹೋಗಿದೆ. ಆದರೆ ಕಾರು ಇಟ್ಟುಕೊಳ್ಳಬೇಕಾ ಅನ್ನೋ ಪ್ರಶ್ನೆಗೆ ಪೆಟ್ರೋಲ್ ಎಲ್ಲಕ್ಕಿಂತ ಚಿಕ್ಕ ಸಂಖ್ಯೆ. ಕಾರು ಇನ್ನೂ ಇದೆ. ಅವರಿಗೆ ಅದು ಇಷ್ಟ, ಬೆಲೆ ಗೊತ್ತಿದ್ದೇ ಇಟ್ಟುಕೊಂಡಿದ್ದಾರೆ, ಅದರಲ್ಲಿ ತಪ್ಪೇನೂ ಇಲ್ಲ.

ನಾನು ಕೇಳಲು ಹಿಂಜರಿದ ಪ್ರಶ್ನೆ ಒಂದಿತ್ತು. ಬಿಟ್ಟುಬಂದ ಕೆಲಸದ ಸಂಬಳ 15,000. ಘಟಕದ ‘ಲಾಭ’ 6,000. ಅದರಲ್ಲಿ ಅವರ ದುಡಿಮೆಗೆ ಒಂದು ಪೈಸೆ ಹಿಡಿದಿರಲಿಲ್ಲ. ಅಂದರೆ ಆ 6,000 ಲಾಭವಲ್ಲ, ತಿಂಗಳಿಗೆ 9,000 ಕಡಿಮೆ ಸಂಬಳಕ್ಕೆ ಅವರು ತಮ್ಮಲ್ಲೇ ಕೆಲಸ ಮಾಡುತ್ತಿದ್ದರು. ಹೇಳಿದೆ. “ಗೊತ್ತು, ಆದರೂ ವಾಪಸು ಹೋಗಲ್ಲ” ಅಂದರು. ಗೊತ್ತಿದ್ದು ತೆಗೆದುಕೊಂಡ ತೀರ್ಮಾನ, ನಾನು ಸುಮ್ಮನಾದೆ. ಆದರೆ ಒಂದು ಬದಲಾವಣೆಗೆ ಒಪ್ಪಿದರು: ತಮಗೆ ತಾವೇ ತಿಂಗಳಿಗೆ 10,000 ಸಂಬಳ, ಸ್ಥಿರ ವೆಚ್ಚದ ಸಾಲಿನಲ್ಲಿ, ಬಾಡಿಗೆಯ ಕೆಳಗೆ. ಗಲ್ಲಾಕ್ಕೆ ಕೈ ಹಾಕೋದು ಬಂದ್.

ಒಂದೂವರೆ ವರ್ಷದ ಮೇಲೆ ನೋಡಿದಾಗ ಸ್ಥಿರ ವೆಚ್ಚ ಹೀಗಿತ್ತು: ಆಪರೇಟರ್ ಮತ್ತು ಕಂತು ಹೋಗಿ 22,000, ಅವರ ಸಂಬಳ ಸೇರಿ 32,000. ಕ್ಯಾಲೆಂಡರಿನ ಮೂಲೆಯಲ್ಲಿ ಈಗ 800. ಮಾಮೂಲಿ ಮಾರಾಟ 900, ಖಾಲಿ ತಿಂಗಳುಗಳಲ್ಲಿ 80ರ ಬೆಲೆಗೆ ಇನ್ನೊಂದು 200. ಅಂಥ ತಿಂಗಳಲ್ಲಿ ಸಂಬಳ ಕಳೆದು 8,000 ಉಳಿಯುತ್ತೆ. ಮೊದಲಿನ 6,000ಕ್ಕೆ ಹೋಲಿಸಿದರೆ ಸಂಬಳವೂ ಸೇರಿ 18,000. ಆದರೆ ಈ ಏರಿಕೆಯ ಅರ್ಧ, ಅಂದರೆ 6,000, ಸಾಲ ತೀರಿದ್ದರಿಂದ ಬಂದದ್ದು. ಅದು ಇವತ್ತಲ್ಲ ನಾಳೆ ತೀರಲೇಬೇಕಿತ್ತು. ನಿಜವಾಗಿ ತೀರ್ಮಾನಗಳಿಂದ ಬಂದದ್ದು ಉಳಿದರ್ಧ.

80ರ ಬೆಲೆಗೆ ಮೂರು ಷರತ್ತು ಇಟ್ಟುಕೊಂಡಿದ್ದಾರೆ. ಖಾಲಿ ತಿಂಗಳಲ್ಲಿ ಮಾತ್ರ. ಆಕಾರ, ಚಿಹ್ನೆ ಬೇರೆ ಇರಬೇಕು, ಇಲ್ಲದಿದ್ದರೆ 100 ಕೊಡುವವರಿಗೆ ಸುದ್ದಿ ಮುಟ್ಟಿದ ದಿನ ಎಲ್ಲರೂ 80 ಕೇಳುತ್ತಾರೆ. ಮತ್ತೆ ಅಂಥ ಆರ್ಡರ್ ಒಟ್ಟು ಮಾರಾಟದ ಕಾಲು ಭಾಗ ದಾಟಬಾರದು, ಯಾಕಂದರೆ ಎಲ್ಲರಿಗೂ 80ಕ್ಕೆ ಕೊಟ್ಟರೆ 32,000 ತುಂಬಲು 1,600 ಬ್ಯಾಗ್ ಬೇಕು, ಅಷ್ಟು ಹೊಲಿಯಲು ಅವರಿಗೆ ಆಗಲ್ಲ.

ಮೊನ್ನೆ ಹೋದಾಗ ಆ ಮೊದಲ ಸಗಟು ಖರೀದಿದಾರರು ಮತ್ತೆ ಫೋನ್ ಮಾಡಿದ್ದರು. ಈ ಸಲ ಅವರು 75 ಅಂದರಂತೆ. ಮಾಲಕಿ ಪುಸ್ತಕ ತೆರೆಯಲಿಲ್ಲ, ಕ್ಯಾಲೆಂಡರಿನ ಹಾಳೆ ತಿರುವಿದರು. “ಯಾವ ತಿಂಗಳಿಗೆ ಬೇಕು, ಅದನ್ನ ಮೊದಲು ಹೇಳಿ.”